ಫೋನಿನ ಆಚೆ ಕಡೆಯ ದನಿ ಕೇಳಿಸಬೇಕಾ, ಬೇಡವಾ? ನಮ್ಮ ಶಾರ್ಟ್ ಫಿಲ್ಮ್‌ಗೆ ಸಲಹೆ ಬೇಕು

ಕಡಿಯಾಳಿ ಅಕ್ಕ (ಉಡುಪಿ):

ಸಿನಿಮಾ ಮಾಡುವವರು, ಹಳೇ ಫೋನಿನ ಕೆಲಸ ಗೊತ್ತಿದ್ದವರು ಯಾರಾದರೂ ಇದ್ದರೆ ಇದನ್ನು ಓದಿ. ಸ್ವಲ್ಪ ಉದ್ದ ಉಂಟು.

ನಾವು ನಾಲ್ಕೈದು ಜನ ಸೇರಿ ಹನ್ನೊಂದು ನಿಮಿಷದ ಒಂದು ಚಿತ್ರ ಮಾಡುತ್ತಿದ್ದೇವೆ. ಎಲ್ಲರೂ ಕೆಲಸಕ್ಕೆ ಹೋಗುವವರು. ಶೂಟಿಂಗ್ ಏನಿದ್ದರೂ ಭಾನುವಾರ. ಚಿತ್ರದಲ್ಲಿ ಕಥೆ ಅಂತ ಹೇಳುವಂಥದ್ದು ಇಲ್ಲ. ಒಂದು ಹಳೇ ಮನೆಯ ಚಾವಡಿ. ಮೂಲೆಯಲ್ಲಿ ಸ್ಟೂಲು, ಅದರ ಮೇಲೆ ಕ್ರೋಶಾ ಬಟ್ಟೆ, ಬಟ್ಟೆಯ ಮೇಲೆ ಕಪ್ಪು ಫೋನು. ಕ್ಯಾಮೆರಾ ಕೊನೆಯವರೆಗೂ ಅಲ್ಲಾಡುವುದಿಲ್ಲ. ಮನೆಯವರು, ಆಚೆಮನೆಯವರು ಒಬ್ಬೊಬ್ಬರಾಗಿ ಬರುತ್ತಾರೆ, ಮಾತಾಡುತ್ತಾರೆ, ಹೋಗುತ್ತಾರೆ. ಅಷ್ಟರಲ್ಲಿ ಮೂವತ್ತು ವರ್ಷ ಕಳೆಯುತ್ತದೆ. ಅದು ಗೊತ್ತಾಗುವುದು ಗೋಡೆಯ ಕ್ಯಾಲೆಂಡರಿನಿಂದ, ಮತ್ತೆ ಫೋನು ಬದಲಾಗುವುದರಿಂದ. ಮೊದಲು ತಿರುಗಿಸುವ ಡಯಲಿನದ್ದು. ಆಮೇಲೆ ಬಟನಿನದ್ದು. ಕೊನೆಗೆ ಸ್ಟೂಲಿನ ಮೇಲೆ ಬರೀ ಒಂದು ಚಾರ್ಜರ್.

ಒಟ್ಟು ನಾಲ್ಕು ಕಾಲ್.

ಮೊದಲನೆಯದು ಬೊಂಬಾಯಿಯಿಂದ. ಮನೆಯ ಮಗ ಅಲ್ಲಿ ಹೋಟೆಲಿನಲ್ಲಿದ್ದಾನೆ. ಅಜ್ಜಿ ರಿಸೀವರನ್ನು ಕಿವಿಯಿಂದ ದೂರ ಹಿಡಿದು, ಬೊಂಬಾಯಿಗೆ ನೇರ ಕೇಳಿಸಲಿ ಅನ್ನುವಷ್ಟು ಬೊಬ್ಬೆ ಹೊಡೆದು ತುಳುವಿನಲ್ಲಿ ಕೇಳುತ್ತಾರೆ: "ಅಲ್ಪ ಬರ್ಸ ಉಂಡಾ? ಒಣಸ್ ಆಂಡಾ?" ಮಳೆ ಮತ್ತು ಊಟ, ಬೇರೆ ಏನೂ ಇಲ್ಲ.

ಎರಡನೆಯದು ಆಚೆಮನೆಯ ಹೆಂಗಸಿಗೆ. ಗಂಡ ಬಹರೈನಿನಲ್ಲಿ. ಅವರ ಮನೆಯಲ್ಲಿ ಫೋನಿಲ್ಲ, ಈ ಮನೆಯ ನಂಬರನ್ನೇ ಪಿ.ಪಿ. ನಂಬರ್ (ಪಕ್ಕದವರನ್ನು ಕರೆಸಿ ಮಾತಾಡುವ ನಂಬರ್) ಅಂತ ಕೊಟ್ಟಿದ್ದಾರೆ. ಚಾವಡಿ ತುಂಬಾ ಜನ ಕೂತಿರುವಾಗ ಗಂಡನ ಹತ್ತಿರ ಎಂತ ಮಾತಾಡುವುದು? "ಹ್ಞೂಂ. ಇಲ್ಲ. ಆಯ್ತು. ಹ್ಞೂಂ." ಪೂರ್ತಿ ಎರಡು ನಿಮಿಷ ಇಷ್ಟೇ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುವುದು, ಬಿಡಿಸುವುದು. ಅದನ್ನು ನಾನು ಹೇಳಿಕೊಟ್ಟದ್ದಲ್ಲ, ಅವರೇ ಮಾಡಿದ್ದು.

ಮೂರನೆಯದರಲ್ಲಿ ಮಾತೇ ಇಲ್ಲ. ಫೋನು ಒಂದು ಸಲ ರಿಂಗಾಗಿ ನಿಲ್ಲುತ್ತದೆ. ಓದುತ್ತಾ ಕೂತ ಹುಡುಗಿ ಪುಸ್ತಕ ಮುಚ್ಚಿ, ಚಪ್ಪಲಿ ಹಾಕಿ ಹೊರಗೆ ಹೋಗುತ್ತಾಳೆ. ನನಗೆ ಎಲ್ಲಕ್ಕಿಂತ ಇಷ್ಟ ಇದೇ.

ನಾಲ್ಕನೆಯದು ಮೊಬೈಲು. ಮಾತಾಡುವವನು ಫ್ರೇಮಿನಲ್ಲೇ ಇಲ್ಲ. ಅಂಗಳದಲ್ಲಿ ಆಚೀಚೆ ನಡೆಯುತ್ತಾ ಮಾತಾಡುತ್ತಾನೆ. ದನಿ ಹತ್ತಿರ ಬರುತ್ತದೆ, ದೂರ ಹೋಗುತ್ತದೆ. ಖಾಲಿ ಸ್ಟೂಲು ಕಾಣುತ್ತಿರುತ್ತದೆ.

ಈಗ ತಕರಾರು ಏನೆಂದರೆ, ನಾಲ್ಕರಲ್ಲಿ ಒಂದರಲ್ಲೂ ಆಚೆ ಕಡೆಯವರ ದನಿ ಇಲ್ಲ. ಮಣಿಪಾಲದಲ್ಲಿ ಗೆಳತಿಯ ಮನೆಯಲ್ಲಿ ಕೆಲವರನ್ನು ಕೂರಿಸಿ ತೋರಿಸಿದೆವು. ಅರ್ಧ ಜನ ಮುಗಿದ ಮೇಲೂ ಮಾತಾಡಲಿಲ್ಲ. ಅದು ಒಳ್ಳೆಯದಾ ಕೆಟ್ಟದಾ ಗೊತ್ತಿಲ್ಲ. ಉಳಿದ ಅರ್ಧ ಜನ ಕೇಳಿದ್ದು ಒಂದೇ: ಆಚೆಯವರು ಏನಂದರು? ಒಬ್ಬರು "ಸ್ಪೀಕರ್ ಸರಿ ಉಂಟಾ ನೋಡಿ" ಅಂದರು. ಈಗ ನಮ್ಮ ಎಡಿಟರ್ ಕೂಡ ಎರಡು ಮನಸ್ಸಿನಲ್ಲಿದ್ದಾರೆ. ಆಚೆಯ ದನಿ ರೆಕಾರ್ಡ್ ಮಾಡಿ ಸೇರಿಸೋಣ, ಇಲ್ಲದಿದ್ದರೆ ಕೆಳಗೆ ಅಕ್ಷರದಲ್ಲಾದರೂ ಹಾಕೋಣ ಅನ್ನುತ್ತಾರೆ.

ನಿಮ್ಮ ಅಭಿಪ್ರಾಯ ಹೇಳಿ. ಆದರೆ ಒಂದು ವಿನಂತಿ. "ಫೋನ್ ಬಂದು ಸಂಬಂಧ ಹಾಳಾಯಿತು, ಅದನ್ನು ತೋರಿಸಿ" ಅಂತ ಮಾತ್ರ ಹೇಳಬೇಡಿ. ಎಲ್ಲರೂ ತಲೆ ತಗ್ಗಿಸಿ ಮೊಬೈಲ್ ನೋಡುವ ಶಾಟ್ ನೋಡಿ ನೋಡಿ ಸಾಕಾಗಿದೆ.


ತಾಳಮದ್ದಳೆ ಹುಚ್ಚ (ಕಿನ್ನಿಗೋಳಿ):

ಅಕ್ಕಾ, ನೇರ ಹೇಳುತ್ತೇನೆ, ಬೇಜಾರು ಮಾಡಬೇಡಿ. ಪ್ರಯೋಗ ಅಂದರೆ ಪ್ರೇಕ್ಷಕನ ತಲೆಯ ಮೇಲೆ ಪ್ರಯೋಗ ಅಂತ ಆಗಬಾರದು.

ಕೃಷ್ಣ ಸಂಧಾನದ ತಾಳಮದ್ದಳೆ, ಅಂದರೆ ವೇಷ ಇಲ್ಲದೆ ಕೂತು ಮಾತಿನಲ್ಲೇ ನಡೆಸುವ ಯಕ್ಷಗಾನ, ಇಟ್ಟಿದ್ದೀರಿ ಅಂತ ಇಟ್ಟುಕೊಳ್ಳಿ. ಕೃಷ್ಣ ಮಾತ್ರ ಅರ್ಥ ಹೇಳುತ್ತಾನೆ, ಕೌರವನ ಮೈಕ್ ಆಫ್. ರಾತ್ರಿಯಿಡೀ ಯಾರು ಕೂರುತ್ತಾರೆ ಮಾರಾಯ್ರೇ? ಒಬ್ಬ ಎಸೆದ ಮಾತನ್ನು ಇನ್ನೊಬ್ಬ ಹಿಡಿದು ತಿರುಗಿಸಿ ಎಸೆಯಬೇಕು, ಆಗಲೇ ರುಚಿ. ಸಂವಹನ ಅಂತ ಚಿತ್ರ ಮಾಡಿ ಒಬ್ಬರ ಬಾಯಿ ಕಟ್ಟಿದರೆ ಹೇಗೆ?

ಅಜ್ಜಿ ಊಟ ಆಯ್ತಾ ಅಂತ ಕೇಳಿದಾಗ ಮಗ ಏನು ಹೇಳಿದ ಅಂತ ನನಗೆ ಗೊತ್ತಾಗಬೇಕು. ಹೋಟೆಲಿನಲ್ಲಿ ಇದ್ದವನು ಊಟ ಆಗಿಲ್ಲ ಅಂದರೆ ಅದರಲ್ಲೇ ಒಂದು ಕಥೆ ಉಂಟು. ಅದನ್ನು ಬಿಟ್ಟುಕೊಟ್ಟಿದ್ದೀರಿ.


ಹಳೇ ಎಕ್ಸ್‌ಚೇಂಜ್ (ಮಂಗಳೂರು):

ನಾನು ಮೂರು ದಶಕ ಟೆಲಿಫೋನ್ ಎಕ್ಸ್‌ಚೇಂಜಿನಲ್ಲಿ, ಅಂದರೆ ಕಾಲ್‌ಗಳನ್ನು ಜೋಡಿಸುವ ಕಡೆ, ಇದ್ದವನು. ಸಿನಿಮಾ ವಿಚಾರ ನನಗೆ ಅಷ್ಟಾಗಿ ಬರುವುದಿಲ್ಲ. ಆದರೆ ತಂತಿಯಲ್ಲಿ ಏನು ಹೋಗುತ್ತದೆ, ಏನು ಹೋಗುವುದಿಲ್ಲ ಅಂತ ಗೊತ್ತು. ಅದರಿಂದ ನಿಮಗೆ ಉಪಯೋಗ ಆದರೆ ಆಗಲಿ.

ಟೆಲಿಫೋನ್ ಲೈನಿನಲ್ಲಿ ಪೂರ್ತಿ ದನಿ ಹೋಗುವುದಿಲ್ಲ ಮೇಡಂ. 300 ಹರ್ಟ್ಸ್‌ನಿಂದ 3400 ಹರ್ಟ್ಸ್‌ವರೆಗೆ ಮಾತ್ರ (ಸೆಕೆಂಡಿಗೆ ಎಷ್ಟು ಕಂಪನ ಅನ್ನುವ ಲೆಕ್ಕ). ಗಂಡಸರ ದನಿಯ ತಳ 100ರಿಂದ 150ರ ಆಸುಪಾಸಿನಲ್ಲಿರುತ್ತದೆ. ಹೆಂಗಸರದ್ದು 200ರ ಆಸುಪಾಸು. ಅಂದರೆ ಎರಡೂ ತಂತಿಗೆ ಹತ್ತುವುದೇ ಇಲ್ಲ. ಮೇಲಿನ ಪದರಗಳು ಬರುತ್ತವೆ, ಅವನ್ನು ಕೇಳಿ ನಮ್ಮ ಮಿದುಳು ಇಲ್ಲದ ತಳವನ್ನು ತಾನೇ ಕಟ್ಟಿಕೊಳ್ಳುತ್ತದೆ. ಅಪ್ಪನ ದಪ್ಪ ದನಿ ಫೋನಿನಲ್ಲೂ ದಪ್ಪ ಕೇಳುವುದು ಹಾಗೆ. ಮೇಲಿನ ತುದಿಯೂ ಕತ್ತರಿಸಿರುವುದರಿಂದ 'ಸ' ಮತ್ತು 'ಫ' ಒಂದೇ ತರ ಕೇಳುತ್ತವೆ. ಹೆಸರು ಹೇಳುವಾಗ ಎರಡೆರಡು ಸಲ ಬಿಡಿಸಿ ಹೇಳುತ್ತಿದ್ದದ್ದು ಸುಮ್ನೆ ಅಲ್ಲ. ಅರ್ಧ ಕೇಳಿಸಿಕೊಂಡು ಉಳಿದರ್ಧ ತುಂಬಿಸಿಕೊಳ್ಳುವುದು ಫೋನು ಹಿಡಿದ ಎಲ್ಲರೂ ಮಾಡಿದ ಕೆಲಸ. ನಿಮ್ಮ ಪ್ರೇಕ್ಷಕರೂ ಮಾಡಲಿ.

ಈಗ ನಿಮ್ಮ ಬಹರೈನ್ ಕಾಲ್. ಇದರಲ್ಲಿ ಟೈಮಿಂಗ್ ಸರಿ ಉಂಟಾ ನೋಡಿ. ಆಗ ಉಪಗ್ರಹದ ದಾರಿಯಲ್ಲಿ ಬರುತ್ತಿದ್ದ ಕಾಲ್‌ಗಳು ಇದ್ದವು. ಪುಣೆಯ ಹತ್ತಿರದ ಆರ್ವಿಯಲ್ಲಿ ಭೂಕೇಂದ್ರ ಶುರುವಾದದ್ದು 1971ರಲ್ಲಿ. ಉಪಗ್ರಹ ಇರುವುದು ಸುಮಾರು 36,000 ಕಿಲೋಮೀಟರ್ ಮೇಲೆ. ದನಿ ಮೇಲೆ ಹೋಗಿ ಕೆಳಗೆ ಬರಲು ಕಾಲು ಸೆಕೆಂಡು. ನೀವು ಕೇಳಿದ ಪ್ರಶ್ನೆ ಅಲ್ಲಿಗೆ ಮುಟ್ಟಿ ಅವರ ಉತ್ತರ ವಾಪಸು ಬರುವಾಗ ಅರ್ಧ ಸೆಕೆಂಡು ಆಯಿತು. ಕೇಳಲು ಸಣ್ಣದು. ಆದರೆ ಮಾತಿನ ಮಧ್ಯೆ ಅರ್ಧ ಸೆಕೆಂಡು ಜಾಸ್ತಿ ಸುಮ್ಮನಿದ್ದರೆ ಎದುರಿನವರು ಏನೋ ಮುಚ್ಚಿಡುತ್ತಿದ್ದಾರೆ ಅಂತ ಅನ್ನಿಸುತ್ತದೆ. ಇವರು "ಹಲೋ?" ಅನ್ನುತ್ತಾರೆ, ಅಷ್ಟರಲ್ಲಿ ಅವರ ಉತ್ತರ ಬರುತ್ತದೆ, ಎರಡೂ ಒಂದರ ಮೇಲೊಂದು ಬೀಳುತ್ತವೆ, ಇಬ್ಬರೂ ಸುಮ್ಮನಾಗುತ್ತಾರೆ. ಮತ್ತೆ ಇಬ್ಬರೂ ಒಟ್ಟಿಗೆ ಶುರು ಮಾಡುತ್ತಾರೆ. ಗಂಡ ಹೆಂಡಿರ ಜಗಳ ಎಷ್ಟೋ ಇದರಿಂದಲೇ ಆಗಿರಬಹುದು. ನಿಮ್ಮ ನಟಿ ಪಕ್ಕದ ಕೋಣೆಯವರ ಹತ್ತಿರ ಮಾತಾಡಿದ ಹಾಗೆ ಟಕಟಕ ಹ್ಞೂಂ ಅಂದರೆ ಅದು ಗಲ್ಫ್ ಕಾಲ್ ಆಗುವುದಿಲ್ಲ. ಶೂಟಿಂಗ್ ಮಾಡುವಾಗ ಯಾರಾದರೂ ಗಡಿಯಾರ ನೋಡಿ, ಅಷ್ಟು ತಡ ಆದ ಮೇಲೆ ಅವರಿಗೆ ಸನ್ನೆ ಮಾಡಲಿ.

ಕ್ಯಾಲೆಂಡರಿನಲ್ಲಿ ಯಾವ ವರ್ಷ ಹಾಕಿದ್ದೀರಿ? ಊರು ಯಾವುದು? ಉಡುಪಿ ಪೇಟೆಯ ಮನೆ ಆದರೆ ಡಯಲ್ ಫೋನು ನಡೆಯುತ್ತದೆ. ಒಳಗಿನ ಹಳ್ಳಿ ಅಂತ ತೋರಿಸಿದರೆ, ಆಗ ಅಲ್ಲೆಲ್ಲ ಕೈಯಲ್ಲಿ ಜೋಡಿಸುವ ಎಕ್ಸ್‌ಚೇಂಜು. ಫೋನಿಗೆ ಡಯಲೇ ಇರುತ್ತಿರಲಿಲ್ಲ. ಎತ್ತಿದರೆ ಆಪರೇಟರ್. ಹಳ್ಳಿಗೆ ಅಂತಲೇ ಸರಕಾರದ ಟೆಲಿಕಾಂ ಸಂಶೋಧನಾ ಕೇಂದ್ರ ಸಿ-ಡಾಟ್‌ನವರು ಮಾಡಿದ 128 ಲೈನಿನ ಸಣ್ಣ ಎಕ್ಸ್‌ಚೇಂಜು ಮೊದಲು ಬಂದದ್ದು ನಮ್ಮ ಕಿತ್ತೂರಿಗೆ, 1986ರಲ್ಲಿ. ಏಸಿ ಇಲ್ಲದೆ ನಡೆಯುತ್ತಿತ್ತು, ಅದು ದೊಡ್ಡ ವಿಷಯ. ಆಮೇಲೆ ಹಳ್ಳಿಗಳಿಗೆ ಹಬ್ಬಿತು.

ಬೊಂಬಾಯಿ ಕಾಲ್ ಟ್ರಂಕ್ ಕಾಲ್ (ಆಪರೇಟರ್ ಜೋಡಿಸಿಕೊಡುವ ದೂರದ ಊರಿನ ಕಾಲ್) ಅಂತ ಮಾಡುವುದಾದರೆ ನಿಮಗೆ ಒಂದು ದನಿ ಬೇಕೇ ಬೇಕು, ಅದು ಮಗನದ್ದಲ್ಲ. ಆಪರೇಟರದ್ದು. ಟ್ರಂಕ್ ಕಾಲಿನ ಲೆಕ್ಕ ಮೂರು ಮೂರು ನಿಮಿಷಕ್ಕೆ. ಮೂರು ಮುಗಿದ ಕೂಡಲೇ ಮಧ್ಯೆ ಬಂದು "ಮೂರು ನಿಮಿಷ ಆಯಿತು, ಮುಂದುವರಿಸುತ್ತೀರಾ?" ಅಂತ ಕೇಳುತ್ತಿದ್ದರು. ಅಳುತ್ತಿದ್ದವರನ್ನೂ ಕೇಳಬೇಕು, ಡ್ಯೂಟಿ. ಅಂದರೆ ಇಬ್ಬರ ಮಾತಿನಲ್ಲಿ ಮೂರನೆಯವರು ಒಬ್ಬರು ಯಾವಾಗಲೂ ಇದ್ದರು.

ಮೂರನೆಯವರು ಬೇಡ ಅಂತ ತಲೆಕೆಡಿಸಿಕೊಂಡವನ ಕಥೆ ಗೊತ್ತುಂಟಾ? ಅಮೆರಿಕದ ಕಾನ್ಸಾಸ್ ಸಿಟಿಯಲ್ಲಿ ಸ್ಟ್ರೋಜರ್ ಅಂತ ಒಬ್ಬ, ಹೆಣ ಸಂಸ್ಕಾರದ ವ್ಯಾಪಾರ ಅವನದ್ದು. ಆಪರೇಟರ್ ತನ್ನ ಗಿರಾಕಿಗಳ ಕಾಲನ್ನು ಎದುರು ಪಾರ್ಟಿಗೆ ತಿರುಗಿಸುತ್ತಾರೆ ಅಂತ ಅವನಿಗೆ ಸಂಶಯ. ಆ ಸಿಟ್ಟಿನಲ್ಲಿ ಆಪರೇಟರ್ ಇಲ್ಲದ ಎಕ್ಸ್‌ಚೇಂಜು ಕಂಡುಹಿಡಿದ. 1891ರಲ್ಲಿ ಪೇಟೆಂಟ್ ಸಿಕ್ಕಿತು. ನಾನು ಕೆಲಸಕ್ಕೆ ಸೇರಿದಾಗ ಅವನ ಹೆಸರಿನ ಮಿಶನ್ನೇ ನಡೆಯುತ್ತಿತ್ತು. ಬೆಳಿಗ್ಗೆ ಹತ್ತು ಗಂಟೆಗೆ ಆ ಹಾಲಿನೊಳಗೆ ನಿಂತರೆ ಕಟಕಟಕಟ ಅಂತ ಊರಿಡೀ ಮಾತಾಡುವುದು ಕೇಳುತ್ತಿತ್ತು, ಒಂದು ಅಕ್ಷರ ಅರ್ಥ ಆಗದ ಹಾಗೆ.


ಸೌಂಡ್ ಮಾಣಿ (ಮಣಿಪಾಲ):

ಅಕ್ಕಾ, ನೀವು ಗ್ರೂಪಿನಲ್ಲಿ ಹಾಕಿದ ಟೀಸರ್ ನೋಡಿದೆ. ಮೊದಲು ಅದರ ರಿಂಗ್ ತೆಗೆಯಿರಿ. ಅದು ಅಮೆರಿಕದ ರಿಂಗ್.

ಅಲ್ಲಿಯದು ಎರಡು ಸೆಕೆಂಡು ಉದ್ದ ಒಂದೇ ರಿಂಗು, ಆಮೇಲೆ ನಾಲ್ಕು ಸೆಕೆಂಡು ಗ್ಯಾಪು. ನಮ್ಮದು ಜೋಡಿ ರಿಂಗು. 0.4 ಸೆಕೆಂಡು ಬಡಿದು, 0.2 ನಿಂತು, ಮತ್ತೆ 0.4 ಬಡಿದು, ಎರಡು ಸೆಕೆಂಡು ಸುಮ್ಮನೆ. ಟ್ರಿಂಗ್‌ಟ್ರಿಂಗ್, ಗ್ಯಾಪು, ಟ್ರಿಂಗ್‌ಟ್ರಿಂಗ್. ನೆಟ್‌ನಿಂದ ಫ್ರೀಯಾಗಿ ಇಳಿಸಿದರೆ ಹೆಚ್ಚಾಗಿ ಸಿಗುವುದು ಅಮೆರಿಕದ್ದೇ. ಐವತ್ತು ದಾಟಿದವರಿಗೆ ಕಾರಣ ಹೇಳಲು ಬರದಿದ್ದರೂ ಏನೋ ಸರಿ ಇಲ್ಲ ಅಂತ ಗೊತ್ತಾಗಿಬಿಡುತ್ತದೆ. ಅದರಲ್ಲೂ ಮೂರನೇ ಸೀನಿನಲ್ಲಿ ಇರುವುದೇ ಒಂದು ರಿಂಗು!

ಆಚೆಯ ದನಿಯ ಬಗ್ಗೆ ನನ್ನ ಓಟು: ಮಾತು ಬೇಡ, ಸದ್ದು ಬೇಕು. ಕಿವಿಗೆ ಒತ್ತಿದ ರಿಸೀವರಿನಿಂದ ಹೊರಗೆ ಸೋರುತ್ತದಲ್ವಾ, ಅದು. ಪಕ್ಕದಲ್ಲಿ ಕೂತವರಿಗೆ ಶಬ್ದ ಕೇಳುತ್ತದೆ, ಪದ ಕೇಳುವುದಿಲ್ಲ. ಸಿಟ್ಟಾ, ನಗುವಾ ಅಂತ ಗೊತ್ತಾಗುತ್ತದೆ. ನಿಮ್ಮ ಕ್ಯಾಮೆರಾ ಚಾವಡಿಯ ಮೂಲೆಯಲ್ಲಿ ಕೂತ ಒಬ್ಬ ನೆಂಟನ ಜಾಗದಲ್ಲಿ ಉಂಟು. ನೆಂಟನಿಗೆ ಕೇಳುವಷ್ಟು ಕೇಳಲಿ. ಕಂಪ್ಯೂಟರಿನಲ್ಲಿ ಫಿಲ್ಟರ್ ಹಾಕಿ ಮಾಡಬೇಡಿ. ನಿಜವಾಗಿ ಒಬ್ಬರು ಕಾಲ್ ಮಾಡಿ ಮಾತಾಡಲಿ, ಮೈಕನ್ನು ಮೂರಡಿ ದೂರ ಇಡಿ.

ನಾಲ್ಕನೆಯ ಮೊಬೈಲ್ ಸೀನಿಗೆ ಒಂದು ವಿಷಯ ಹೇಳುತ್ತೇನೆ, ನನಗೆ ಭಾರೀ ಇಷ್ಟವಾದದ್ದು. ಮೊಬೈಲಿನಲ್ಲಿ ನೀವು ಸುಮ್ಮನಾದ ಕೂಡಲೇ ನಿಮ್ಮ ಫೋನು ಸದ್ದು ಕಳಿಸುವುದನ್ನೇ ನಿಲ್ಲಿಸುತ್ತದೆ. ಬ್ಯಾಟರಿ ಉಳಿಯುತ್ತದೆ, ನೆಟ್‌ವರ್ಕಿನಲ್ಲಿ ಜಾಗ ಉಳಿಯುತ್ತದೆ. ಆದರೆ ಆಚೆಯವರ ಕಿವಿಯಲ್ಲಿ ಪೂರ್ತಿ ನಿಶ್ಶಬ್ದ ಆದರೆ ಅವರು ಕಾಲ್ ಕಟ್ಟಾಯಿತು ಅಂದುಕೊಳ್ಳುತ್ತಾರೆ. ಅದಕ್ಕೆ ಅವರ ಫೋನು ತಾನೇ ಒಂದು ಸಣ್ಣ ಸುಯ್ಯ್ ಅನ್ನುವ ಸದ್ದು ತಯಾರು ಮಾಡಿ ಕೇಳಿಸುತ್ತದೆ. ಕಂಫರ್ಟ್ ನಾಯ್ಸ್ ಅಂತ ಕರೆಯುತ್ತಾರೆ. ಜಿಎಸ್‌ಎಂ ಅನ್ನುವ ಹಳೇ ಮೊಬೈಲ್ ತಂತ್ರಜ್ಞಾನದ ಕಾಲದಿಂದಲೂ ಉಂಟು. ಹುಡುಗ ಹುಡುಗಿ ಮಾತಿಲ್ಲದೆ ಫೋನು ಹಿಡಿದು ಕೂರುತ್ತಾರಲ್ವಾ, ಆಗ ಅವನು ಕೇಳುತ್ತಿರುವುದು ಅವಳ ಕೋಣೆಯ ಸದ್ದಲ್ಲ, ಅವನದೇ ಫೋನಿನ ಸದ್ದು. ಹಳೇ ಲ್ಯಾಂಡ್‌ಲೈನಿನಲ್ಲಿ ಹಾಗಿರಲಿಲ್ಲ. ಆಚೆಯ ಫ್ಯಾನು, ಕಾಗೆ, ಕುಕ್ಕರ್ ವಿಸಿಲ್ ಎಲ್ಲ ಬರುತ್ತಿತ್ತು.

ಇನ್ನೊಂದು. ಕ್ರಿಶ್ಚಿಯನ್ ಮಾರ್ಕ್ಲೇ ಅನ್ನುವ ಕಲಾವಿದ 1995ರಲ್ಲಿ 'ಟೆಲಿಫೋನ್ಸ್' ಅಂತ ಏಳೂವರೆ ನಿಮಿಷದ ವಿಡಿಯೋ ಮಾಡಿದ್ದಾನೆ. ಬೇರೆ ಬೇರೆ ಹಾಲಿವುಡ್ ಸಿನಿಮಾಗಳ ಫೋನಿನ ತುಣುಕುಗಳನ್ನು ಜೋಡಿಸಿದ್ದು. ಡಯಲ್ ಮಾಡುವವರೆಲ್ಲ ಒಟ್ಟಿಗೆ, ಹಲೋ ಅನ್ನುವವರೆಲ್ಲ ಒಟ್ಟಿಗೆ, ಆಮೇಲೆ ಮಾತು, ಕೊನೆಗೆ ಇಡುವುದು. ಈ ಸಿನಿಮಾದವನು ಕೇಳಿದ್ದಕ್ಕೆ ಬೇರೊಂದು ಸಿನಿಮಾದವಳು ಉತ್ತರ ಕೊಟ್ಟ ಹಾಗೆ ಆಗುತ್ತದೆ. ಯಾರೂ ಯಾರ ಹತ್ತಿರವೂ ಮಾತಾಡುತ್ತಿಲ್ಲ, ಆದರೂ ನೋಡುವವನ ತಲೆಯಲ್ಲಿ ಒಂದು ಸಂಭಾಷಣೆ ನಡೆದುಬಿಡುತ್ತದೆ. ಹಾಗಾಗಿ ಅರ್ಧ ಮಾತು ಕೊಟ್ಟರೆ ಪ್ರೇಕ್ಷಕ ಕಂಗಾಲಾಗುತ್ತಾನೆ ಅನ್ನುವ ಹೆದರಿಕೆ ಬೇಡ. ಮಣಿಪಾಲದಲ್ಲಿ ನೋಡಿದವರು "ಏನಂದರು?" ಅಂತ ಕೇಳಿದ್ದು ಅರ್ಥವಾಗದೆ ಅಲ್ಲ, ಮುಂದಕ್ಕೆ ಬಗ್ಗಿ ಕೂತಿದ್ದಕ್ಕೆ. ನಾನಾದರೆ ಅದನ್ನು ಹೊಗಳಿಕೆ ಅಂತಲೇ ಲೆಕ್ಕ ಹಾಕುತ್ತೇನೆ.


ಬಸ್‌ಸ್ಟ್ಯಾಂಡ್ ಬೂತ್ (ಉಡುಪಿ):

ನನಗೂ ಒಂದು ಮಾತು ಹೇಳಲಿಕ್ಕುಂಟು. ಉಡುಪಿ ಬಸ್‌ಸ್ಟ್ಯಾಂಡ್ ಹತ್ತಿರ ಎಸ್‌ಟಿಡಿ ಬೂತ್ (ದುಡ್ಡು ಕೊಟ್ಟು ದೂರದ ಊರಿಗೆ ಫೋನು ಮಾಡುವ ಅಂಗಡಿ) ನಡೆಸುತ್ತಿದ್ದೆ. ಹಳದಿ ಬೋರ್ಡು, ಗಾಜಿನ ಬಾಗಿಲು, ಒಳಗೆ ಒಂದು ಫ್ಯಾನು, ಅದೂ ಹೊರಗಿನ ಸ್ವಿಚ್ ಹಾಕಿದರೆ ಉಂಟು, ಇಲ್ಲದಿದ್ದರೆ ಇಲ್ಲ.

ಅಕ್ಕಾ, ನಿಮ್ಮ ಚಿತ್ರದಲ್ಲಿ ಒಂದು ವಸ್ತು ಇಲ್ಲ. ಮೀಟರು. ನನ್ನ ಬೂತಿನಲ್ಲಿ ಜನ ಆಚೆಯವರ ಮುಖ ನೆನೆಸಿಕೊಂಡು ಮಾತಾಡುತ್ತಿದ್ದರು ಅಂತ ನೀವು ಅಂದುಕೊಂಡರೆ ಇಲ್ಲ. ಕಣ್ಣು ಪೂರ್ತಿ ಕೆಂಪು ಅಂಕಿಯ ಮೇಲೆ. ಆಚೆ ತಂಗಿಯ ಮದುವೆ ಮಾತು ನಡೆಯುತ್ತಿದೆ, ಇಲ್ಲಿ ಅಣ್ಣ 28, 29 ಅಂತ ನೋಡುತ್ತಿದ್ದಾನೆ. 30 ಆಗುವ ಮೊದಲು ಇಡಬೇಕು, ಕಿಸೆಯಲ್ಲಿ ಅಷ್ಟೇ ಇರುವುದು. "ಆಯ್ತು ಆಯ್ತು, ಕಾಗದ ಬರೆಯುತ್ತೇನೆ" ಅಂತ ಮಾತಿನ ಮಧ್ಯೆ ಇಟ್ಟು ಹೊರಗೆ ಬಂದು ಬೆವರು ಒರೆಸಿಕೊಳ್ಳುವುದು. ಮುಖ್ಯ ಮಾತು ಎಲ್ಲ ಮೊದಲ ಅರ್ಧ ನಿಮಿಷದಲ್ಲಿ. ದುಡ್ಡು ಕಮ್ಮಿ ಇದ್ದವರು ಭಾರೀ ಚಂದ ಮಾತಾಡುತ್ತಿದ್ದರು. ಒಂದು ಪದ ದಂಡ ಇಲ್ಲ.

ರಾತ್ರಿ ಹನ್ನೊಂದಕ್ಕೆ ಚಾರ್ಜು ನಾಲ್ಕನೇ ಒಂದು ಭಾಗಕ್ಕೆ ಇಳಿಯುತ್ತಿತ್ತು. ಹತ್ತೂವರೆಗೇ ಕ್ಯೂ. ಲಾಡ್ಜಿನ ಸೇಲ್ಸ್‌ಮನ್‌ಗಳು, ಕಾಲೇಜು ಹುಡುಗರು. ಬೇಗ ಬಂದವರು ಬೂತಿನೊಳಗೆ ಹೋಗಿ ಫೋನು ಎತ್ತದೆ ಗಡಿಯಾರ ನೋಡುತ್ತಾ ನಿಲ್ಲುತ್ತಿದ್ದರು, ಜಾಗ ಹೋಗಬಾರದಲ್ಲ.

ಶುಕ್ರವಾರ ಮಧ್ಯಾಹ್ನ ಗಲ್ಫಿನಿಂದ ಬರುವ ಕಾಲ್‌ಗಳು. ಅಲ್ಲಿ ರಜೆ. ದುಬೈ ನಮಗಿಂತ ಒಂದೂವರೆ ಗಂಟೆ ಹಿಂದೆ, ಕುವೈತು ಬಹರೈನು ಎರಡೂವರೆ ಗಂಟೆ ಹಿಂದೆ. ಹೆಂಗಸರಿಗೆ ಈ ಲೆಕ್ಕ ನನಗಿಂತ ಚೆನ್ನಾಗಿ ಗೊತ್ತಿತ್ತು. ಬೆಂಚಿನಲ್ಲಿ ಕೂತು ಕಾಯುವುದು. ರಿಂಗಾದರೆ ಎಲ್ಲರೂ ನನ್ನ ಮುಖ ನೋಡುವುದು, ಯಾರ ಹೆಸರು ಕರೆಯುತ್ತೇನೆ ಅಂತ. ಕಾಲ್ ಬಾರದೆ ಹೋದವರೂ ಇದ್ದರು. ಅವರು ಹೋಗುವಾಗ "ನಾಳೆ ಬಂದರೆ ಹೇಳಿ" ಅಂತ ನನಗೆ ಹೇಳುತ್ತಿರಲಿಲ್ಲ, ಬೆಂಚಿನಲ್ಲಿದ್ದ ಇನ್ನೊಬ್ಬರಿಗೆ ಹೇಳುತ್ತಿದ್ದರು.

1990ರ ಆಗಸ್ಟ್ 2ಕ್ಕೆ ಇರಾಕ್ ಸೈನ್ಯ ಕುವೈತಿಗೆ ನುಗ್ಗಿತು. ಹೊರದೇಶದ ಲೈನ್ ಎಲ್ಲ ಬಂದ್. ನಮ್ಮ ಜಿಲ್ಲೆಯವರು ಅಲ್ಲಿ ಎಷ್ಟು ಜನ ಇದ್ದರು ಅಂತ ನಿಮಗೆ ಗೊತ್ತಲ್ವಾ. ಒಬ್ಬರು ವಯಸ್ಸಾದ ಹೆಂಗಸು, ಕಾಪು ಕಡೆಯವರು, ದಿನಾ ಬಸ್ಸಿನಲ್ಲಿ ಬರುತ್ತಿದ್ದರು. 00 965 ಅಂತ ಶುರುವಾಗುವ ನಂಬರು, ಚೀಟಿ ಬೇಡ, ಬಾಯಿಪಾಠ. ಡಯಲ್ ಮಾಡಿದರೆ "ಈ ಮಾರ್ಗದ ಎಲ್ಲಾ ಲೈನುಗಳು ಕಾರ್ಯನಿರತವಾಗಿವೆ" ಅಂತ ಟೇಪು. ಅವರು ಅದನ್ನು ಪೂರ್ತಿ ಕೇಳುತ್ತಿದ್ದರು. ಕನ್ನಡದ್ದು ಮುಗಿದು ಹಿಂದಿ, ಹಿಂದಿ ಮುಗಿದು ಇಂಗ್ಲಿಷು. ಆಮೇಲೆ ರಿಸೀವರ್ ಒರೆಸಿ ಇಟ್ಟು, ಚೀಲ ಎತ್ತಿಕೊಂಡು, ನನಗೆ ಒಂದು ತಲೆ ಅಲ್ಲಾಡಿಸಿ ಹೋಗುವುದು. ಸಿಗುವುದಿಲ್ಲ ಅಂತ ಅವರಿಗೂ ಗೊತ್ತು, ನನಗೂ ಗೊತ್ತು. ಬರಬೇಡಿ ಅಂತ ನಾನು ಹೇಳಲಿಲ್ಲ.

ಆಮೇಲೆ ಏರ್ ಇಂಡಿಯಾ ವಿಮಾನಗಳಲ್ಲಿ ಜೋರ್ಡಾನಿನ ಅಮ್ಮಾನ್ ಮೂಲಕ ಜನರನ್ನು ಕರೆತಂದರು. ಒಂದೂವರೆ ಲಕ್ಷಕ್ಕಿಂತ ಜಾಸ್ತಿ ಜನ. ಇವರ ಮಗನೂ ಬಂದ. ಬಂದವನು ಅಮ್ಮನನ್ನು ಕರೆದುಕೊಂಡು ಬೂತಿಗೆ ಬಂದು "ಬಾಕಿ ಎಷ್ಟುಂಟು?" ಅಂತ ಕೇಳಿದ. ಸಿಗದ ಕಾಲಿಗೆ ಬಿಲ್ಲು ಬರುವುದಿಲ್ಲ ಅಂದೆ. ಅವನು ನಂಬಲಿಲ್ಲ, ಒತ್ತಾಯದಲ್ಲಿ ಒಂದು ಡಬ್ಬಿ ಖರ್ಜೂರ ಇಟ್ಟು ಹೋದ.

ಹಾಗಾಗಿ ನನ್ನನ್ನು ಕೇಳಿದರೆ ಆಚೆ ದನಿ ಬೇಡ. ಎಷ್ಟೋ ಸಲ ಆಚೆ ದನಿ ಇರಲೇ ಇಲ್ಲ.


ಕಡಿಯಾಳಿ ಅಕ್ಕ (ಉಡುಪಿ):

ಎಲ್ಲರಿಗೂ ದೊಡ್ಡ ನಮಸ್ಕಾರ. ಇಷ್ಟೆಲ್ಲ ಬರುತ್ತದೆ ಅಂತ ಎಣಿಸಿರಲಿಲ್ಲ. ನಿನ್ನೆ ರಾತ್ರಿ ಎಡಿಟರಿಗೆ ಎಲ್ಲ ಉತ್ತರ ಓದಿ ಹೇಳಿದೆ, ಫೋನಿನಲ್ಲೇ.

ಆಚೆಯ ದನಿ ಹಾಕುವುದಿಲ್ಲ. ಅಕ್ಷರವೂ ಇಲ್ಲ. ಆದರೆ ಮಾಣಿ ಹೇಳಿದ ಸೋರುವ ಸದ್ದು ಎರಡನೆಯ ಕಾಲಿಗೆ ಮಾತ್ರ ಹಾಕುತ್ತೇವೆ. ಅಲ್ಲಿ ಚಾವಡಿ ತುಂಬಾ ಜನ ಇದ್ದಾರೆ, ಅವರಿಗೆ ಕೇಳಬಾರದು ಅಂತಲೇ ಆಕೆ ರಿಸೀವರನ್ನು ಕಿವಿಗೆ ಒತ್ತಿ ಹಿಡಿದದ್ದು. ಗಂಡ ನಗುತ್ತಾನೆ ಅಂತ ಪ್ರೇಕ್ಷಕರಿಗೆ ಗೊತ್ತಾಗಲಿ, ಯಾಕೆ ಅಂತ ಬೇಡ. ಅರ್ಧ ಸೆಕೆಂಡಿನ ಸಂಗತಿ ಕೇಳಿ ನಮ್ಮ ನಟಿ "ಓ, ಅದಕ್ಕೇ ನನ್ನ ಅಮ್ಮ ಫೋನಿನಲ್ಲಿ ಹಾಗೆ ತಡೆದು ತಡೆದು ಮಾತಾಡುತ್ತಿದ್ದದ್ದು" ಅಂದರು. ಆ ಸೀನು ಪೂರ್ತಿ ಮತ್ತೆ ತೆಗೆಯುತ್ತೇವೆ.

ಆಪರೇಟರ್ ದನಿ ಖಂಡಿತ ಬೇಕು. ಇಡೀ ಚಿತ್ರದಲ್ಲಿ ತಂತಿಯಿಂದ ಸ್ಪಷ್ಟವಾಗಿ ಕೇಳುವ ಮಾತು ಅದೊಂದೇ ಇರಲಿ: ಮೂರು ನಿಮಿಷ ಆಯಿತು, ಮುಂದುವರಿಸುತ್ತೀರಾ? ಮಗನ ದನಿ ಇಲ್ಲ, ಗಂಡನ ದನಿ ಇಲ್ಲ, ಪರಿಚಯವೇ ಇಲ್ಲದ ಹೆಂಗಸಿನ ದನಿ ಮಾತ್ರ ಉಂಟು. ನನಗೆ ಇದು ಯೋಚಿಸಿದಷ್ಟೂ ಹಿಡಿಸುತ್ತಿದೆ.

ಬೂತ್ ಅಣ್ಣಾ, ಕುವೈತಿನ ಆ ಅಮ್ಮನನ್ನು ಈ ಚಿತ್ರಕ್ಕೆ ತರುವುದಿಲ್ಲ. ಚಾವಡಿಯಲ್ಲಿ ಕೂರಿಸಿದರೆ ಅವರಿಗೆ ನ್ಯಾಯ ಸಿಗುವುದಿಲ್ಲ. ಅದು ಬೇರೆಯೇ ಚಿತ್ರ. ನೀವು ಒಪ್ಪಿದರೆ ಒಂದು ದಿನ ಬಂದು ಕೂತು ಕೇಳುತ್ತೇನೆ. ಮೀಟರ್ ಬಗ್ಗೆ ಹೇಳಿದ್ದು ಮಾತ್ರ ಕದಿಯುತ್ತೇನೆ. ಅಜ್ಜಿ ಮಾತಾಡುವಾಗ ಹಿಂದೆ ಅಜ್ಜ ಗಡಿಯಾರ ನೋಡುತ್ತಾ ನಿಂತಿರುತ್ತಾರೆ.

ಭಾಗವತರೇ, ನಿಮ್ಮ ಮಾತಿಗೆ ಸಿಟ್ಟು ಬರಲಿಲ್ಲ. ಆದರೆ ಒಂದು ಕೇಳುತ್ತೇನೆ. ತಾಳಮದ್ದಳೆಯಲ್ಲಿ ಕಿರೀಟ ಇಲ್ಲ, ವೇಷ ಇಲ್ಲ, ರಂಗಸ್ಥಳ ಇಲ್ಲ. ಪಂಚೆ ಶಾಲು ಹಾಕಿ ಕೂತ ಒಬ್ಬರು ಮಾತಾಡುತ್ತಾರೆ, ನಿಮಗೆ ಹಸ್ತಿನಾವತಿ ಕಾಣುತ್ತದೆ. ವೇಷ ಇಲ್ಲದ ಕೌರವನನ್ನು ನೋಡುವ ನಿಮಗೆ ದನಿ ಇಲ್ಲದ ಬೊಂಬಾಯಿ ಮಗ ಕೇಳುವುದಿಲ್ವಾ?

ಎಕ್ಸ್‌ಚೇಂಜ್ ಸರ್, ಕ್ಯಾಲೆಂಡರ್ 1984ರದ್ದು, ಮನೆ ಉಡುಪಿ ಪೇಟೆಯದೇ. ಹಾಗಾಗಿ ಡಯಲ್ ಉಳಿಯಿತು. ಆದರೆ ಡಯಲಿನದ್ದೇ ಒಂದು ರಗಳೆ. ಬಂದರಿನ ಗುಜರಿ ಅಂಗಡಿಯಲ್ಲಿ ಸಿಕ್ಕಿದ ಐಟಿಐ (ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್) ಕಂಪೆನಿಯ ಫೋನು ಅದು. ತಿರುಗಿಸಿ ಬಿಟ್ಟರೆ ಸೊನ್ನೆ ವಾಪಸು ಬರುವಾಗ ಅರ್ಧ ದಾರಿಯಲ್ಲಿ ತಡವರಿಸುತ್ತದೆ. ಕ್ಲೋಸಪ್ ಇಲ್ಲ ನಿಜ, ಆದರೆ ಸದ್ದು ಬೇಕು. ಎಣ್ಣೆ ಬಿಡಬಹುದಾ? ಮತ್ತೆ, ಸೆಟ್ಟಿನಲ್ಲಿ ನಿಜವಾದ ಬೆಲ್ ಹೊಡೆಸಲು ದಾರಿ ಉಂಟಾ?


ತಾಳಮದ್ದಳೆ ಹುಚ್ಚ (ಕಿನ್ನಿಗೋಳಿ):

ನಾನು ಭಾಗವತ ಅಲ್ಲ, ಬರೀ ಕೇಳುವವ. ನಿಮ್ಮ ಅರ್ಥಗಾರಿಕೆ ಜೋರುಂಟು, ಒಪ್ಪಿದೆ. ಆದರೆ ಕೌರವನಿಗೆ ದನಿ ಉಂಟಲ್ಲ ಅಕ್ಕಾ, ಅದನ್ನು ಹಾರಿಸಿಬಿಟ್ಟಿರಿ! ಚಿತ್ರ ಆದ ಮೇಲೆ ಈ ಕಡೆ ಎಲ್ಲಾದರೂ ತೋರಿಸಿ. ಅರ್ಥ ಆಗದಿದ್ದರೆ ಅಲ್ಲೇ ಎದ್ದು ನಿಂತು ಕೇಳುತ್ತೇನೆ.


ಹಳೇ ಎಕ್ಸ್‌ಚೇಂಜ್ (ಮಂಗಳೂರು):

ಎಣ್ಣೆ ಬಿಡಬೇಡಿ ಮೇಡಂ. ಬಿಟ್ಟೇ ಬಿಟ್ಟೀರಿ ಅಂತ ಈಗಲೇ ಬರೆಯುತ್ತಿದ್ದೇನೆ.

ಡಯಲಿನ ಹಿಂದೆ ಗವರ್ನರ್ ಅಂತ ಸಣ್ಣ ಭಾಗ ಉಂಟು. ಪುಟ್ಟ ಬಟ್ಟಲಿನೊಳಗೆ ಎರಡು ತೂಕ ಗರಗರ ತಿರುಗಿ ಗೋಡೆಗೆ ಉಜ್ಜುತ್ತವೆ. ಆ ಉಜ್ಜುವಿಕೆಯಿಂದಲೇ ಡಯಲ್ ಒಂದೇ ವೇಗದಲ್ಲಿ ವಾಪಸು ಬರುವುದು, ಸೆಕೆಂಡಿಗೆ 10 ಪಲ್ಸ್ (ಲೈನಿನಲ್ಲಿ ಹೋಗುವ ಮಿಡಿತ). ಒಂದು ತಿರುಗಿಸಿದರೆ ಒಂದು ಪಲ್ಸ್, ಸೊನ್ನೆ ತಿರುಗಿಸಿದರೆ ಹತ್ತು. ಅಂದರೆ ಸೊನ್ನೆ ವಾಪಸು ಬರಲು ಪೂರ್ತಿ ಒಂದು ಸೆಕೆಂಡು ಬೇಕು. ಆ ಬಟ್ಟಲಿಗೆ ಎಣ್ಣೆ ತಾಗಿದರೆ ಉಜ್ಜುವುದು ನಿಂತು ಡಯಲ್ ಸರ್ ಅಂತ ಓಡಿಬಿಡುತ್ತದೆ, ಸದ್ದು ಕೆಡುತ್ತದೆ. ಮೊದಲು ಒಣ ಬ್ರಶ್ಶಿನಲ್ಲಿ ಧೂಳು ತೆಗೆಯಿರಿ. ಗುಜರಿಯಲ್ಲಿ ಬಿದ್ದ ಫೋನಿಗೆ ಹೆಚ್ಚಾಗಿ ಅಷ್ಟೇ ಸಾಕು. ಹಲ್ಲಿನ ಚಕ್ರದ ಅಚ್ಚಿಗೆ ಬೇಕಾದರೆ ವಾಚಿನ ಎಣ್ಣೆ ಸೂಜಿ ತುದಿಯಲ್ಲಿ ಒಂದು ಚುಕ್ಕೆ.

ಮೌತ್‌ಪೀಸ್ ಒಳಗೆ ಇಂಗಾಲದ ಪುಡಿಯ ಮೈಕ್ ಉಂಟಾ ನೋಡಿ. ಇದ್ದರೆ ಅಜ್ಜಿಗೆ ಹೇಳಿ, ಮಾತಿನ ಮಧ್ಯೆ ಒಂದು ಸಲ ರಿಸೀವರನ್ನು ಅಂಗೈಗೆ ತಟ್ಟಲಿ. ಪುಡಿ ಗಟ್ಟಿ ಕೂತರೆ ದನಿ ಸಣ್ಣದಾಗುತ್ತಿತ್ತು, ಎಲ್ಲರೂ ತಟ್ಟುತ್ತಿದ್ದರು.

ಬೆಲ್ ವಿಷಯ. ಫೋನು ಸುಮ್ಮನಿರುವಾಗ ಲೈನಿನಲ್ಲಿ 48 ವೋಲ್ಟ್ ಡಿಸಿ, ಎಕ್ಸ್‌ಚೇಂಜಿನ ಬ್ಯಾಟರಿಯಿಂದ. ಅದಕ್ಕೇ ಕರೆಂಟು ಹೋದರೂ ಫೋನು ನಡೆಯುತ್ತಿದ್ದದ್ದು. ಬೆಲ್ಲಿಗೆ ಬರುವುದು ಸುಮಾರು 75 ವೋಲ್ಟ್ ಎಸಿ. ಕಂಬದ ಮೇಲೆ ಕೂತು ಜಾಯಿಂಟ್ ಹಾಕುವಾಗ ಯಾರಾದರೂ ಆ ನಂಬರಿಗೆ ಫೋನು ಮಾಡಿದರೆ ಗೊತ್ತಾಗುತ್ತದೆ ಅದು ಏನು ಅಂತ. ಮನೆಯ ಕರೆಂಟಿನಿಂದ ಅದನ್ನು ಮಾಡಲು ಹೋಗಬೇಡಿ. ನನ್ನ ಹತ್ತಿರ ಕೈಯಲ್ಲಿ ತಿರುಗಿಸಿ ಬೆಲ್ ಹೊಡೆಸುವ ಸಣ್ಣ ಜನರೇಟರ್, ಮ್ಯಾಗ್ನೆಟೋ, ಒಂದು ಉಂಟು. ಭಾನುವಾರ ಶೂಟಿಂಗ್ ಅಂದಿರಲ್ಲ, ಬೆಳಗ್ಗಿನ ಬಸ್ಸಿಗೆ ತರುತ್ತೇನೆ. ಟ್ರಂಕ್ ಕಾಲಿನ ರಿಂಗು ಉದ್ದ ಎಳೆಯಬೇಕು, ಅದನ್ನು ನಾನೇ ತಿರುಗಿಸುತ್ತೇನೆ, ನಿಮ್ಮ ಹುಡುಗರಿಗೆ ಬರುವುದಿಲ್ಲ.